ಬಯೂಮಿ ಮಾವ ಬೀಳಲಿಲ್ಲ

ನಾನು ಆಗಲೇ ಸತ್ತಿದ್ದೆ. ಹಿಂದಿನ ಶಾಟ್‌ನಲ್ಲೇ ಹೀರೋ ಹೈಸಮ್ ನನ್ನ ಎದೆಗೆ ಗುಂಡು ಹೊಡೆದಿದ್ದ. ಈಗ ಕೈರೋದ ಸ್ಟುಡಿಯೋದೊಳಗೆ ಕಟ್ಟಿದ್ದ ಓಣಿಯಲ್ಲಿ ಅಂಗಾತ ಬಿದ್ದುಕೊಂಡು, ಒಂದೇ ಕಣ್ಣು ಬಿಟ್ಟು, ಬಯೂಮಿ ಮಾವನ ಸರದಿಗೆ ಕಾಯುತ್ತಿದ್ದೆ. ಹೆಣದ ಪಾತ್ರಕ್ಕಿರುವ ಸುಖ ಇದೊಂದೇ: ಊರ ಜಗಳವನ್ನೆಲ್ಲ ಮಲಗಿಯೇ ನೋಡಬಹುದು.

ಸ್ಟುಡಿಯೋದಲ್ಲಿ ಎಲ್ಲರಿಗೂ ಮಾವನಾದ ಇವರು ನಾನು ಹುಟ್ಟುವ ಮೊದಲಿನಿಂದಲೂ ಕ್ಯಾಮೆರಾ ಮುಂದೆ ಸಾಯುತ್ತಿದ್ದಾರೆ. ಕಾವಲುಗಾರನಾಗಿ, ಕಳ್ಳನಾಗಿ, ಪೊಲೀಸನಾಗಿ. ಮೆಟ್ಟಿಲಿಂದ ಉರುಳಿ, ನೈಲ್ ನದಿಗೆ ಬಿದ್ದು. ಒಂದು ಸಲವೂ ಬಾಯಿ ತೆರೆಯಲು ಬಿಟ್ಟವರಿಲ್ಲ. "ನಮ್ಮೆಜಮಾನ್ರು ಮನೇಲಿ ರೇಡಿಯೋ, ಟೀವೀಲಿ ಮೂಗ" ಎಂದು ಅವರ ಹೆಂಡತಿ ಇನ್ಶಿರಾ ಅತ್ತೆ ನಮ್ಮ ಓಣಿಗೆಲ್ಲ ಸಾರಿದ್ದರು.

ಈ ರಂಜಾನ್ ಧಾರಾವಾಹಿಯಲ್ಲಿ ಮಾವನಿಗೊಂದು ಮಾತು ಸಿಕ್ಕಿತ್ತು. ಸಾಯುವಾಗ ಹೇಳಬೇಕು: "ಬಾಗಿಲು ಹಾಕ್ಕೋಬೇಡ ಅಂತ ಹೇಳು ಅವಳಿಗೆ. ನಾನು ಬರ್ತಿದೀನಿ." ಬಸ್ಸಿನಲ್ಲಿ, ಕ್ಷೌರದಂಗಡಿಯಲ್ಲಿ, ಎಲ್ಲ ಕಡೆ ಅದೇ ಅಭ್ಯಾಸ. ಪಕ್ಕದ ಮನೆಯವರು ನಿಜಕ್ಕೂ ಬಾಗಿಲು ಹಾಕುವುದನ್ನೇ ಬಿಟ್ಟಿದ್ದರು.

ಶಾಟ್‌ಗೆ ಮುಂಚೆ ಹೈಸಮ್ ಕನ್ನಡಿಯಿಂದ ಕಣ್ಣು ತೆಗೆಯದೆ ಹೇಳಿದ, "ಆ ಡೈಲಾಗ್ ಬೇಡ. ನನ್ನ ಗುಂಡು ತಿಂದೋನು ಭಾಷಣ ಮಾಡಿದ್ರೆ ಗುಂಡಿಗೆ ಏನ್ ಮರ್ಯಾದೆ?"

ಡೈರೆಕ್ಟರ್ ಮಮ್ದೂಹ್ ಗಡಿಯಾರ ನೋಡಿದರು. ಇವತ್ತು ತೆಗೆದದ್ದು ಇವತ್ತೇ ಪ್ರಸಾರ. ಸೂರ್ಯ ಮುಳುಗಿ ಉಪವಾಸ ಬಿಡುವ ಹೊತ್ತನ್ನು ಸಾರುವ ತೋಪು ಹಾರಲು ಸ್ವಲ್ಪವೇ ಹೊತ್ತಿತ್ತು. ಹೊರಗೆ ಬೇಳೆ ಸಾರು ಕುದಿಯುವ ವಾಸನೆಗೆ ಲೈಟಿನವರು ಬಾಗಿಲ ಕಡೆಗೇ ನೋಡುತ್ತಿದ್ದರು.

"ಬಯೂಮಿ ಮಾವ, ಸುಮ್ನೆ ಬಿದ್ಬಿಡಿ. ಆಕ್ಷನ್!"

ಢಂ. ಮಾವ ನಿಂತೇ ಇದ್ದರು.

"ಬೀಳಿ ಮಾವ!" ಡೈರೆಕ್ಟರ್ ಕೂಗಿದರು.

"ಗುರಿ ತಪ್ತು ಅನ್ಸುತ್ತೆ ಸಾರ್."

ಮತ್ತೆ ಢಂ. ಮಾವ ಅಂಗಿ ಕೊಡವಿಕೊಂಡರು.

"ಏನ್ರೀ ಇದು, ಕಬ್ಬಿಣ ತಿಂದು ಬಂದಿದೀರಾ?"

"ಉಪವಾಸ ಸಾರ್. ಏನೂ ತಿಂದಿಲ್ಲ."

ನೆಲದಲ್ಲಿ ಬಿದ್ದಿದ್ದ ನಾನು ತಡೆಯಲಾಗದೆ, "ಈ ಎದೆ ಗುಂಡಿಗೆ ಬಗ್ಗೋದಲ್ಲ, ಡೈಲಾಗ್‌ಗೆ ಬಗ್ಗೋದು!" ಎಂದೆ.

"ಲೇ ಹೆಣ, ಬಾಯ್ಮುಚ್ಚು!"

ಮಾವ ಡೈರೆಕ್ಟರ್ ಹತ್ತಿರ ಬಂದು ತಣ್ಣಗೆ ಹೇಳಿದರು, "ಸಾರ್, ಹಸಿವು ನಂಗೂ ಇದೆ. ಆ ಮಾತು ಆಡದೆ ನಾನು ಸಾಯಲ್ಲ. ತೋಪು ಹಾರ್ಲಿ, ನಾಳೆ ಹಬ್ಬಾನೇ ಬರ್ಲಿ, ಹಿಂಗೇ ನಿಂತಿರ್ತೀನಿ."

"ಆಡ್ಕೊಳ್ಳಿ" ಎಂದು ಹೈಸಮ್ ನಕ್ಕ. "ಆಮೇಲೆ ಎಡಿಟಿಂಗ್‌ನಲ್ಲಿ ಕತ್ತರಿ ಇದ್ದೇ ಇದೆಯಲ್ಲ."

ಮಾವನೂ ನಕ್ಕರು. ಅಲ್ಲೇ ನನಗೆ ಅನುಮಾನ ಬಂತು.

ಮೂರನೇ ಗುಂಡು. ಮಾವ ತತ್ತರಿಸಿದರು, ಆದರೆ ಹಿಂದಕ್ಕಲ್ಲ, ಮುಂದಕ್ಕೆ. ಹೈಸಮ್‌ನ ಕಾಲರ್ ಹಿಡಿದು, ಅವನನ್ನು ಮೆಲ್ಲಗೆ ಬೆಳಕಿನತ್ತ ತಿರುಗಿಸಿ, ತಾವು ಕ್ಯಾಮೆರಾಗೆ ಬೆನ್ನು ಕೊಟ್ಟು ಅವನ ಭುಜಕ್ಕೆ ಒರಗಿದರು. ಹೈಸಮ್ ಬೆಚ್ಚಿದ. ಇಡೀ ಚೌಕಟ್ಟಿನಲ್ಲಿ ಅವನ ಮುಖ ಮಾತ್ರ. ಮಾವ ಅವನ ಕಿವಿಯ ಬಳಿ ಮಾತು ಆಡಿದರು. ಕಿರುಚಲಿಲ್ಲ. ಬಸ್ಸಿನಲ್ಲಿ ಕೇಳಿ ಕೇಳಿ ನಗುತ್ತಿದ್ದ ಅದೇ ಮಾತಿಗೆ ನಾನು ಹೆಣವೆಂಬುದನ್ನೇ ಮರೆತು ಎರಡೂ ಕಣ್ಣು ಬಿಟ್ಟೆ. ಹೈಸಮ್‌ನ ಕಣ್ಣು ತುಂಬಿ ಬಂತು. ಆಮೇಲೆ ಮಾವ ಅವನ ಮೈಮೇಲಿಂದ ಜಾರಿ ನನ್ನ ಹೊಟ್ಟೆಯ ಮೇಲೆ ಬಿದ್ದರು.

"ಕಟ್!"

ಹೊರಗೆ ತೋಪು ಹಾರಿತು. ಖರ್ಜೂರದ ಕಡೆ ಎಲ್ಲರೂ ಓಡಿದರೂ ಹೈಸಮ್ ಮಾತ್ರ ಮಾನಿಟರಿಗೆ ಅಂಟಿಕೊಂಡ. ತನ್ನ ಮುಖವನ್ನೇ ಮತ್ತೆ ಮತ್ತೆ ನೋಡಿದ.

"ಈ ಕ್ಲೋಸಪ್ ಮುಟ್ಬೇಡಿ" ಎಂದ.

"ಇಟ್ರೆ ಅದೇ ಶಾಟ್‌ನಲ್ಲಿರೋ ಮಾವನ ಮಾತೂ ಇರುತ್ತೆ" ಎಂದರು ಡೈರೆಕ್ಟರ್, ಖರ್ಜೂರ ಅಗಿಯುತ್ತ.

ಹೈಸಮ್ ಇನ್ನೊಮ್ಮೆ ನೋಡಿದ. "...ಇರ್ಲಿ ಬಿಡಿ."

ನಾನು ಸಾರು ಕುಡಿಯುತ್ತ ಕೇಳಿದೆ, "ಮಾವ, ನಿಮ್ಮ ಮುಖಾನೇ ಕಾಣಲ್ವಲ್ಲ?"

"ಮುಖ ಇಷ್ಟು ವರ್ಷ ನೋಡಿದಾರೆ ಕಣೋ. ಇವತ್ತು ಕೇಳಿಸ್ಕೊಳ್ಳಲಿ."

ಪ್ರಸಾರದ ಹೊತ್ತಿಗೆ ನಾವು ನಮ್ಮ ಓಣಿಯ ಕಾಫಿ ಅಂಗಡಿಯ ಟೀವಿ ಮುಂದಿದ್ದೆವು. ಮಾವನ ಧ್ವನಿ ಬಂದಾಗ ಪಗಡೆ ಆಡುವವರು ದಾಳ ಹಿಡಿದೇ ಕೂತರು. ಪರದೆಯ ಮೇಲೆ ಮಾವನದೆಂದು ಕಂಡದ್ದು ಒಂದು ಕಿವಿ. ಮರುಕ್ಷಣವೇ ಮಾವನ ಫೋನ್ ಬಡಿದುಕೊಂಡಿತು. ಅತ್ತೆಯ ದನಿ ನಮಗೆಲ್ಲ ಕೇಳಿಸಿತು, ಸ್ವಲ್ಪ ಒಡೆದಿತ್ತು:

"ಕೇಳಿಸ್ತು ರೀ. ಬಾಗಿಲು ಹಾಕಿಲ್ಲ. ಬರೋವಾಗ ರೊಟ್ಟಿ ತನ್ನಿ."