ಫಿಲಡೆಲ್ಫಿಯಾದ ಟೊಪ್ಪಿ

ಒಂದೂವರೆ ಮೊಳ. ಅಷ್ಟಕ್ಕೆ ನನ್ನ ಎಂಟನೇ ಕ್ಲಾಸು ನಿಂತುಹೋಗಿತ್ತು.

ನಾನು ಮಾಷ್ಟ್ರಾಗಿದ್ದ ಶಾಲೆಯಲ್ಲಿ ಇದ್ದದ್ದು ಏಳನೆಯವರೆಗೆ ಮಾತ್ರ. "ಇನ್ನೊಂದು ಕೋಣೆ ತೋರಿಸಿ, ಜೂನಿನಲ್ಲಿ ಎಂಟನೆಯದು ಸುರುಮಾಡಿ" ಎಂದು ಇನ್ಸ್‌ಪೆಕ್ಟರರು ಬರೆದುಕೊಟ್ಟು ಹೋಗಿದ್ದರು. ಶಾಲೆಯ ಎಡಕ್ಕೆ ದೇವಸ್ಥಾನದ ಕೆರೆ, ಬಲಕ್ಕೆ ತೋಡು, ಹಿಂದೆ ಗುಡ್ಡ. ಕಟ್ಟುವುದಾದರೆ ಮೇಲಕ್ಕೇ ಕಟ್ಟಬೇಕು. ಕಲ್ಲು ಬಂತು, ಮರ ಬಂತು, ಬಡಗಿ ಪೂವಪ್ಪನೂ ಬಂದ. ಆಗ ದೇವಸ್ಥಾನದ ಆಡಳಿತ ನೋಡುವ ಮೊಕ್ತೇಸರ ಶ್ಯಾಮ ಭಟ್ಟರು ಬಿದಿರಿನ ಗಳ ಹಿಡಿಸಿ ಅಳತೆ ಮಾಡಿಸಿದರು. ಉಪ್ಪರಿಗೆ ಎದ್ದರೆ ಅದರ ಹಂಚಿನ ಮಾಡು ಗರ್ಭಗುಡಿಯ ತುದಿಯಲ್ಲಿರುವ ತಾಮ್ರದ ಮುಗುಳಿಗಿಂತ ಒಂದೂವರೆ ಮೊಳ ಮೇಲೆ ಹೋಗುತ್ತದಂತೆ. ಮುಗುಳಿಗಿಂತ ಎತ್ತರ ಈ ಊರಿನಲ್ಲಿ ಯಾರೂ ಕಟ್ಟಿದ್ದಿಲ್ಲ, ಕಟ್ಟುವಂತಿಲ್ಲ.

"ತೆಂಗಿನಮರ ಅದಕ್ಕಿಂತ ಎತ್ತರ ಉಂಟಲ್ಲ ಭಟ್ರೇ?" ಎಂದೆ.

"ಮರ ಬೆಳೆಸಿದ್ದು ದೇವರು. ಉಪ್ಪರಿಗೆ ಎಬ್ಬಿಸುವುದು ನೀವು."

ಇದಕ್ಕೆ ಯಾವ ಟ್ರೈನಿಂಗ್ ಶಾಲೆಯಲ್ಲಿಯೂ ಉತ್ತರ ಕಲಿಸುವುದಿಲ್ಲ. ಭಟ್ಟರು ಒಪ್ಪದೆ ತಾನು ಉಳಿ ಮುಟ್ಟುವುದಿಲ್ಲವೆಂದು ಪೂವಪ್ಪ ಮನೆಗೆ ನಡೆದ. ದೇವರು ವರ ಕೊಟ್ಟರೂ ಪೂಜಾರಿ ಕೊಡ ಎನ್ನುವ ಗಾದೆಯನ್ನು ಮಕ್ಕಳಿಗೆ ಹದಿನೆಂಟು ವರ್ಷ ಉರು ಹೊಡೆಸಿದ್ದೆ. ಅರ್ಥವಾದದ್ದು ಆ ದಿನ.

ನನಗೆ ಎಂಟನೇ ಕ್ಲಾಸು ಬೇಕಾದದ್ದು ಶಾಲೆಯ ಬೋರ್ಡಿನ ಚೆಂದಕ್ಕಲ್ಲ. ಚನಿಯನ ಮಗಳು ಕಿನ್ನಿಗಾಗಿ. ಗದ್ದೆ ಕೆಲಸದ ಚನಿಯನ ಮನೆಯಲ್ಲಿ ಅಕ್ಷರ ಬಲ್ಲವಳು ಅವಳೊಬ್ಬಳೇ. ಏಳನೆಯಲ್ಲಿ ಎಲ್ಲರಿಗಿಂತ ಮೊದಲು ಪಾಸಾದವಳೂ ಅವಳೇ. ಎಂಟನೆಯದೊಂದು ಮುಗಿಸಿದರೆ ಮಂಗಳೂರಿನಲ್ಲಿ ಟ್ರೈನಿಂಗಿಗೆ ಸೇರಿ ಟೀಚರಮ್ಮ ಆಗುತ್ತಾಳೆ. ಆದರೆ ಹತ್ತಿರದ ಎಂಟನೇ ಕ್ಲಾಸು ಇರುವುದು ಮಂಜೇಶ್ವರದಲ್ಲಿ, ಹನ್ನೆರಡು ಮೈಲು ದೂರ. "ಇಲ್ಲಿ ಆದರೆ ಕಳಿಸ್ತೇನೆ ಮಾಷ್ಟ್ರೇ. ಇಲ್ಲದಿದ್ದರೆ ಜೂನಿನಲ್ಲಿ ಅವಳು ನನ್ನೊಟ್ಟಿಗೆ ಗದ್ದೆಗೆ ನೇಜಿ ನೆಡ್ಲಿಕ್ಕೆ ಬರುವುದೇ" ಎಂದು ಚನಿಯ ಖಡಾಖಂಡಿತವಾಗಿ ಹೇಳಿಬಿಟ್ಟಿದ್ದ. ಆಗಲೇ ಎಪ್ರಿಲ್ ಅರ್ಧ ಕಳೆದಿತ್ತು.

ಆಗ ನನಗೆ ಹರಿನಾಥನ ನೆನಪಾಯಿತು. ಇರಲಾರದೆ ಇರುವೆ ಬಿಟ್ಟುಕೊಳ್ಳುವುದು ಎಂದರೆ ಇದೇ.

ಹರಿನಾಥ ಹಡಗಿನಲ್ಲಿ ಅಡುಗೆಗಿದ್ದವನು. ಯುದ್ಧದ ಕಾಲದಲ್ಲಿ ಹಡಗು ಕೆಟ್ಟು, ಅಮೇರಿಕದ ಫಿಲಡೆಲ್ಫಿಯಾ ಎಂಬ ಮಹಾನಗರದಲ್ಲಿ ಎಂಟು ತಿಂಗಳು ಕೂತು ಬಂದಿದ್ದ. ಆ ಎಂಟು ತಿಂಗಳನ್ನು ಏಳು ವರ್ಷದಿಂದ ನಮಗೆ ಬಡಿಸುತ್ತಿದ್ದ. ಅಲ್ಲಿ ಒಂದು ಬಿರುಕುಬಿಟ್ಟ ಗಂಟೆ ಉಂಟಂತೆ, ಬಾರಿಸುವುದಿಲ್ಲವಂತೆ, ಜನ ಬರೇ ನೋಡಲಿಕ್ಕೆ ಸಾಲು ನಿಲ್ಲುತ್ತಾರಂತೆ. ಹೊಸ ವರ್ಷದ ದಿನ ಗಟ್ಟಿಮುಟ್ಟಾದ ಗಂಡಸರು ಗರಿ ಕಟ್ಟಿ, ಮುಖಕ್ಕೆ ಬಣ್ಣ ಬಳಿದು, ನಮ್ಮ ಹುಲಿವೇಷದವರ ಹಾಗೆ ಬೀದಿಯುದ್ದ ಕುಣಿಯುತ್ತಾರಂತೆ. ಇದನ್ನೆಲ್ಲ ಕೇಳಿ ಕೇಳಿ ಊರಿನ ನಾಯಿಗಳಿಗೂ ಬಾಯಿಪಾಠವಾಗಿತ್ತು. ಆದರೆ ಮನುಷ್ಯ ಸುಳ್ಳು ಹೇಳುವವನಲ್ಲವೆಂದು ಭಟ್ಟರಿಗೂ ಗೊತ್ತು. ಸುಳ್ಳು ಬಾರದ ಬಾಯಿಬಡುಕ! ಅದಕ್ಕಿಂತ ಅಪಾಯದ ಪ್ರಾಣಿ ಕಾಡಿನಲ್ಲಿಯೂ ಇಲ್ಲ ಎಂದು ನನಗೆ ಹೊಳೆಯಬೇಕಿತ್ತು, ಹೊಳೆಯಲಿಲ್ಲ.

"ನೋಡು ಮಾರಾಯ, ಅಮೇರಿಕದಲ್ಲಿ ಇಪ್ಪತ್ತು ಉಪ್ಪರಿಗೆಯ ಮನೆ ಉಂಟು, ಅದರಿಂದ ಯಾವ ದೇವರಿಗೂ ಕೋಪ ಬರಲಿಲ್ಲ. ಸಭೆಯಲ್ಲಿ ಇಷ್ಟು ಹೇಳಿ ಕೂತುಕೋ" ಎಂದು ಮೂರು ಸಲ ಪಾಠ ಮಾಡಿದೆ.

"ಅಷ್ಟೆಯಾ? ಗಂಟೆಯ ಕತೆ ಬೇಡವಾ?"

"ಬೇಡ!"

ಆದಿತ್ಯವಾರ ಬೆಳಿಗ್ಗೆ ದೇವಸ್ಥಾನದ ಹೆಬ್ಬಾಗಿಲ ಗೋಪುರದಲ್ಲಿ ಉಪ್ಪರಿಗೆಯ ತೀರ್ಮಾನಕ್ಕೆ ಊರವರು ಸೇರಿದರು. ಭಟ್ಟರು ಜಗಲಿಯಲ್ಲಿ ಎಲೆಪೆಟ್ಟಿಗೆ ತೆರೆದು ಕೂತಿದ್ದರು. ಚನಿಯ ಮತ್ತು ಕಿನ್ನಿ ಮೆಟ್ಟಿಲಿನ ಕೆಳಗೆ, ಬಿಸಿಲಿನಲ್ಲಿ ನಿಂತಿದ್ದರು. ದೇವಸ್ಥಾನ ಎಲ್ಲರಿಗೂ ತೆರೆದದ್ದೆಂದು ಕಾನೂನು ಬಂದು ನಾಲ್ಕು ವರ್ಷವಾಗಿತ್ತು. ಯಾರೂ ಅವರನ್ನು ತಡೆದಿರಲಿಲ್ಲ, ಅವರೂ ಹತ್ತಿರಲಿಲ್ಲ.

ಹರಿನಾಥ ಎದ್ದು, ಹೇಳಿಕೊಟ್ಟದ್ದನ್ನು ಒಂದಕ್ಷರ ಬಿಡದೆ ಹೇಳಿದ. ನಾನು ಉಸಿರು ಬಿಟ್ಟೆ. ಅವನು ಇನ್ನೇನು ಕೂರಬೇಕು, ಅಷ್ಟರಲ್ಲಿ ಭಟ್ಟರು ಕೇಳಿದರು: "ಅಲ್ಲ ಹರಿನಾಥಾ, ನೀನಿದ್ದ ಊರಲ್ಲಿ ಎಲ್ಲಕ್ಕಿಂತ ಎತ್ತರ ಇರುವುದು ಎಂತದ್ದು?"

ಅವನ ಮುಖ ಅರಳಿತು.

"ಅದು ಪೆನ್ ದೊರೆಯ ಟೊಪ್ಪಿ ಭಟ್ರೇ! ಆ ಊರನ್ನು ಸುರುಮಾಡಿದವನು. ನಗರಸಭೆಯ ಕಟ್ಟಡದ ತುತ್ತತುದಿಯಲ್ಲಿ ಅವನ ಮೂರ್ತಿ ನಿಲ್ಲಿಸಿದ್ದಾರೆ. ಕಟ್ಟಲಿಕ್ಕೆ ಮೂವತ್ತು ವರ್ಷ ಹಿಡಿಯಿತಂತೆ. ಅವನ ಟೊಪ್ಪಿಯ ಅಂಚಿಗಿಂತ ಮೇಲೆ ಆ ಊರಲ್ಲಿ ಯಾರೂ ಕಟ್ಟುವುದಿಲ್ಲ."

"ಕಾನೂನು ಉಂಟಾ?"

"ಕಾನೂನು ಎಂತದ್ದೂ ಇಲ್ಲ. ಮರ್ಯಾದೆ. ದೊಡ್ಡ ದೊಡ್ಡ ಕೋಟ್ಯಧೀಶರು ಸಹ ಬಾಯಿಮಾತಿಗೇ ತಲೆಬಾಗಿ ಕೆಳಗೇ ನಿಲ್ಲಿಸ್ತಾರೆ."

ಕೆರೆಗೆ ಹಾರಬೇಕೆನ್ನಿಸಿತು, ಅವನನ್ನೂ ಎಳೆದುಕೊಂಡು. ಇಡೀ ಅಮೇರಿಕದಲ್ಲಿ ಇಂಥ ನೇಮವಿರುವ ಊರನ್ನೇ ಹುಡುಕಿಕೊಂಡು ಇವನ ಹಡಗು ಕೆಡಬೇಕಿತ್ತೇ? ಅಲ್ಲೇ ಪಕ್ಕದ ನ್ಯೂಯಾರ್ಕಿನಲ್ಲಿ ಕೆಟ್ಟಿದ್ದರೆ ಅದರ ಗಂಟೇನು ಹೋಗುತ್ತಿತ್ತು?

ಭಟ್ಟರು ತೊಡೆ ತಟ್ಟಿದರು. "ಕೇಳಿದಿರಾ ಮಾಷ್ಟ್ರೇ? ಒಬ್ಬ ಮನುಷ್ಯನ ಟೊಪ್ಪಿಗೆ ಅಷ್ಟು ಮರ್ಯಾದೆ. ನಾವು ಸಾಕ್ಷಾತ್ ಈಶ್ವರನ ಮುಗುಳಿಗೆ ಒಂದೂವರೆ ಮೊಳ ಬಿಡ್ಲಿಕ್ಕೆ ಆಗುವುದಿಲ್ಲವಾ? ಇನ್ನು ಮಾತಿಲ್ಲ, ಫಿಲಡೆಲ್ಫಿಯಾವೇ ನಮಗೆ ಪ್ರಮಾಣ!"

ಸಭೆ ಹೌದೆಂದಿತು. ಏಳು ವರ್ಷದಿಂದ ಹರಿನಾಥನ ಮಾತಿಗೆ ಬೆಲೆ ಕೊಡದ ಜನ ಆ ದಿನವೇ ಬೆಲೆ ಕೊಡಬೇಕಿತ್ತೇ?

ಗೆದ್ದವರಿಗೆ ಔದಾರ್ಯ ಬರುತ್ತದೆ. ಭಟ್ಟರು ತಲೆಯೆತ್ತಿ ಗೋಪುರದ ಅಟ್ಟಣಿಗೆಯನ್ನು ನೋಡಿದರು. "ಬೇಸರ ಮಾಡಬೇಡಿ ಮಾಷ್ಟ್ರೇ. ಈ ಗೋಪುರದ ಉಪ್ಪರಿಗೆ ಖಾಲಿ ಉಂಟು. ಬಾವಲಿ ಓಡಿಸಿದರೆ ಮೂವತ್ತು ಮಕ್ಕಳು ಕೂತಾರು. ಮುಗುಳಿಗಿಂತ ಸಾಕಷ್ಟು ತಗ್ಗು. ನಿಮ್ಮ ಎಂಟನೇ ಕ್ಲಾಸು ಇಲ್ಲೇ ಆಗಲಿ."

ಎಲ್ಲರೂ ಶಹಬ್ಬಾಸ್ ಅಂದರು. ಕಿನ್ನಿಗೆ ಕೇಳಿಸಿದ್ದು "ಎಂಟನೇ ಕ್ಲಾಸು ಆಗಲಿ" ಎಂಬುದೊಂದೇ ಇರಬೇಕು. ಆ ಹುಡುಗಿ ಮುಖವಿಡೀ ನಗುತ್ತ ಓಡಿಬಂದು ಮೊದಲ ಮೆಟ್ಟಿಲ ಮೇಲೆ ಕಾಲಿಟ್ಟಳು.

ಚನಿಯ ಹಿಂದಿನಿಂದ ಅವಳ ರಟ್ಟೆ ಹಿಡಿದ. ಭಟ್ಟರ ಕೈಯಲ್ಲಿ ಸುಣ್ಣ ಸವರಿದ ಎಲೆ ಹಾಗೆಯೇ ನಿಂತಿತು. ಯಾರೂ ಏನೂ ಹೇಳಲಿಲ್ಲ, ನಾನೂ ಹೇಳಲಿಲ್ಲ.

ಹೇಳಿದವನು ಹರಿನಾಥ. "ಬಿಡು ಚನಿಯಾ, ಹತ್ತಲಿ. ಟೊಪ್ಪಿಯವನ ಬುಡದಲ್ಲಿ ನೂರಾರು ಕೋಣೆ ಉಂಟು, ನಾನು ಸಹ ಒಳಗೆ ಹೋಗಿದ್ದೇನೆ. ಆ ಊರಿನ ಕೆಲವು ಹೋಟೆಲಿನವರು ನನ್ನ ಬಣ್ಣ ನೋಡಿ ಚಾ ಕೊಡಲಿಲ್ಲ. ಸುಳ್ಳು ಯಾಕೆ ಹೇಳಬೇಕು? ಆದರೆ ಆ ಕಟ್ಟಡದ ಮೆಟ್ಟಿಲಲ್ಲಿ ನೀನು ಯಾರು ಅಂತ ಒಬ್ಬ ಸಹ ಕೇಳಲಿಲ್ಲ." ಆಮೇಲೆ ಭಟ್ಟರ ಕಡೆ ತಿರುಗಿದ. ಅವನ ಮುಖದಲ್ಲಿ ಕುಹಕ ಎಳ್ಳಷ್ಟೂ ಇರಲಿಲ್ಲ. "ಅದೇ ಪ್ರಮಾಣ ಅಂತ ನೀವೇ ಹೇಳಿದಿರಲ್ಲ ಭಟ್ರೇ?"

ಭಟ್ಟರು ಎಲೆ ಮಡಚಿದರು, ಬಾಯಿಗಿಟ್ಟರು, ತುಂಬ ಹೊತ್ತು ಅಗಿದರು. ಒಮ್ಮೆ ಮೆಟ್ಟಿಲಿನ ಮೇಲಿದ್ದ ಆ ಸಣ್ಣ ಪಾದವನ್ನು ನೋಡಿದರು, ಒಮ್ಮೆ ನನ್ನ ಶಾಲೆಯ ಮಾಡನ್ನು ನೋಡಿದರು.

"ಮಾಷ್ಟ್ರೇ, ಎಷ್ಟು ಮೊಳ ಅಂದಿರಿ?"

"ಒಂದೂವರೆ."

"ಅಷ್ಟೇ ಅಲ್ಲವಾ? ವಿದ್ಯೆ ಅಂದರೆ ಸರಸ್ವತಿ. ಸರಸ್ವತಿ ಒಂದೂವರೆ ಮೊಳ ಮೇಲೆ ಕೂತರೆ ಈಶ್ವರನಿಗೆ ಎಂತ ಬೇಸರ? ಶಾಲೆಯ ಮೇಲೆಯೇ ಕಟ್ಟಿ. ನಾಳೆಯೇ ಸುರುಮಾಡಿ. ಪೂವಪ್ಪನಿಗೆ ನಾನು ಹೇಳ್ತೇನೆ. ಬೇಕಾದರೆ ಎರಡು ಮೊಳ ಹೋಗಲಿ."

ಎರಡು ತಿಂಗಳು ನಾನು ಕಾಲು ಸವೆಸಿ ಬೇಡಿದ್ದು ಸಿಕ್ಕಿತ್ತು. ಇಡೀ ಊರಿನ ಎದುರು ದೇವರನ್ನು ಎರಡು ಮೊಳ ತಗ್ಗಿಸಿದರು, ಒಂದು ಹುಡುಗಿಯನ್ನು ಒಂದು ಮೆಟ್ಟಿಲು ಇಳಿಸುವುದಕ್ಕೆ. ನನ್ನ ಮೈ ಉರಿಯಿತು. "ಉಪ್ಪರಿಗೆ ಬೇಡ ಭಟ್ರೇ, ಗೋಪುರವೇ ಆಗಲಿ, ಇವಳು ಹತ್ತಲಿ" ಎಂಬ ಮಾತು ನಾಲಿಗೆಯ ತುದಿಗೆ ಬಂತು. ಕಾನೂನು ನನ್ನ ಕಡೆಗಿತ್ತು. ಆದರೆ ಜೂನಿಗೆ ಆರೇ ವಾರ ಇತ್ತು, ಜಗಳಕ್ಕೆ ಇಳಿದರೆ ಆರು ವರ್ಷ ಬೇಕಿತ್ತು, ನೇಜಿ ಅಲ್ಲಿಯವರೆಗೆ ಕಾಯುವುದಿಲ್ಲ.

ಕಿನ್ನಿ ಕಾಲು ಹಿಂದೆ ತೆಗೆದುಕೊಂಡಳು. ಚನಿಯ ಅವಳ ತಲೆಯನ್ನು ಒತ್ತಿ ಬಗ್ಗಿಸಿ, ತಾನೂ ಬಗ್ಗಿ, "ಧಣಿಗಳ ಮನಸ್ಸು ದೊಡ್ಡದು" ಎಂದು ಭಟ್ಟರಿಗೆ ಕೈಮುಗಿದ. ಕಣ್ಣಲ್ಲಿ ನೀರಿತ್ತು, ನಿಜವಾದ ನೀರು.

ನಾನೂ ಕೈಮುಗಿದೆ.