ಹೊದಿಕೆಯೊಳಗಿನ ಕಾಲು

ಮತ್ತೆ ಸರಿಯಿತು, ಕಾಲು, ಹೊದಿಕೆಯೊಳಗೆ, ಆಮೆ ತಲೆ ಎಳೆದುಕೊಂಡ ಹಾಗೆ, ಬೋಗುಣಿ ಹಿಡಿದು ಮಂಚದ ಬುಡದಲ್ಲಿ ಕೂತಿದ್ದೇನೆ, ಬೆಳಗಿನಿಂದ ಮೂರು ಸಲ ಕಾಯಿಸಿ ಆರಿಸಿದ ನೀರು, ಸೊಂಟ ಬಿದ್ದುಹೋಗಿದೆ, ಬೇಡ ಬಿಟ್ಟನ್, ನಂಗೆ ಪಾಪ ಹತ್ತಿಸ್ಬೇಡ, ಮಗಳ ಕೈಲಿ ಯಾರಾದ್ರೂ ಕಾಲು ಹಿಡಿಸ್ಕೋತಾರಾ — ನಲವತ್ತಾರರ ನನ್ನನ್ನು ಇನ್ನೂ ಬಿಟ್ಟನ್, ಪುಟ್ಟಿ, ಎನ್ನುವ ಅಪ್ಪ, ನಮ್ಮ ಬಾಬೂಜಿ, ಸಕ್ಕರೆ ಕಾಯಿಲೆಯ ಹುಣ್ಣು, ಹೆಬ್ಬೆರಳು ಆಗಲೇ ಕಪ್ಪಗಾಗಿದೆ, ಒಂದು ದಿನ ಪಟ್ಟಿ ತಪ್ಪಿದ್ರೂ ಬೆರಳು ತೆಗೀಬೇಕಾಗತ್ತೆ ಅಂತ ಡಾಕ್ಟರು ನಿನ್ನೆ ಹೇಳಿದ್ದು ಇವರಿಗೂ ಕೇಳಿಸಿದೆ, ಪಟ್ಟಿ ಕಟ್ಟುವ ಕಂಪೌಂಡರ್ ತಂಗಿಯ ಮದುವೆಗೆ ಹೋಗಿದ್ದಾನೆ, ಅಣ್ಣ ಝಾನ್ಸಿಯಿಂದ ಬರುವುದು ಭಾನುವಾರ, ಇವತ್ತು ಬುಧವಾರ, ನಿಮ್ಮಣ್ಣ ಬಂದು ಕಟ್ತಾನೆ ಬಿಡು, ಗಂಡುಮಗ, ಅವನು ಮುಟ್ಟಬಹುದು. ಮುಟ್ಟಬಹುದು ಸರಿ, ಬರಬೇಕಲ್ಲ.

ನಮ್ಮ ಫರೂಖಾಬಾದಿನ ಕಡೆ ಮಗಳೆಂದರೆ ದೇವಿ, ಅಪ್ಪನೇ ಅವಳ ಕಾಲು ಮುಟ್ಟಬೇಕು, ಹೋಳಿ ಹಬ್ಬಕ್ಕೆ ತವರಿಗೆ ಬಂದರೆ ಬಾಗಿಲಲ್ಲೇ ಬಗ್ಗಿ ಮುಟ್ಟಿ ಹಣೆಗೊತ್ತಿಕೊಳ್ಳುತ್ತಿದ್ದರು, ಆಮೇಲೆ ದಾರೀಲಿ ಏನಾದ್ರೂ ತಿಂದ್ಯಾ, ಅಷ್ಟೇ ಮಾತು, ಮದುವೆಯ ದಿನ ಉಪವಾಸವಿದ್ದು ಹಿತ್ತಾಳೆಯ ಹರಿವಾಣದಲ್ಲಿ ನನ್ನ ಕಾಲು ತೊಳೆಯುತ್ತಾರೆ, ನನಗೆ ಕಾಣುವುದು ಬೋಳು ನೆತ್ತಿ ಮಾತ್ರ, ಒಮ್ಮೆ ತಲೆ ಎತ್ತಲಿ, ತಬ್ಬಿಕೊಳ್ಳಲಿ ಎಂದು ಕಾಯುತ್ತೇನೆ, ಎತ್ತಲಿಲ್ಲ, ದೇವಿಯನ್ನು ಯಾರು ತಬ್ಬಿಕೊಳ್ಳುತ್ತಾರೆ, ಎರಡನೆಯ ಕೂಸು ಹೋದಾಗಲೂ ಆಸ್ಪತ್ರೆಯ ಮಂಚದ ಕಾಲ್ದೆಸೆಯಲ್ಲೇ ನಿಂತಿದ್ದರು, ತಲೆ ಸವರಲಿಲ್ಲ, ದೇವಿಯಾಗಿ ಸಾಕಾಗಿದೆ ನನಗೆ, ಬಾಬೂಜಿ, ಸಾಕಾಗಿದೆ.

ಬಾಯಿಂದಲೇ ಬಂತೇನೋ, ನನ್ನನ್ನೇ ನೋಡುತ್ತಿದ್ದಾರೆ, ನಾನೂ ಬಿಡಲಿಲ್ಲ, ದೇವಿ ಅಂದ್ಮೇಲೆ ದೇವಿ ಮಾತು ಕೇಳ್ಬೇಕು ತಾನೆ, ಕೊಡಿ ಕಾಲು — ನಿಮ್ಮಮ್ಮನ ಬಾಯೇ ಬಂದಿದೆ ನಿಂಗೆ, ಎಂದರು, ಹೊದಿಕೆ ಅಲುಗಿತು, ಕಾಲು ಬಂತು, ಎಷ್ಟು ಹಗುರ, ಹಳೆಯ ಪಟ್ಟಿ ನೆನೆಸಿ ಬಿಡಿಸುತ್ತೇನೆ, ಕೀವು, ವಾಸನೆ, ಉಸಿರು ಬಿಗಿಹಿಡಿದು ಒರೆಸುತ್ತೇನೆ, ನೋಯ್ತಿದ್ಯಾ, ಇಲ್ಲ, ಸುಳ್ಳು, ಮುಲಾಮು, ಹತ್ತಿ, ಬಟ್ಟೆ ಒಂದು ಸುತ್ತು, ಎರಡು, ಗಂಟು, ಆಗಲೇ ಮಂಚ ಕಿರುಗುಟ್ಟಿತು, ಎದ್ದು ಕೂತಿದ್ದಾರೆ, ಮಲಗಿ ಬಾಬೂಜಿ, ಬೀಳ್ತೀರಿ, ಕೇಳಿದರೆ ತಾನೆ, ಮುಂದಕ್ಕೆ ಬಗ್ಗಿದರು, ಕೆಳಗೆ ಚಾಚಿದ ಕೈ ನನ್ನ ಪಾದ ಹುಡುಕುತ್ತಿದೆ, ಮುಟ್ಟಿ ಪಾಪ ಕಳೆದುಕೊಳ್ಳಬೇಕಂತೆ — ಸರಿಯಿತು ಕಾಲು, ಈ ಸಲ ನನ್ನದು, ಸೀರೆಯೊಳಗೆ, ಇವತ್ತು ಕೊಡುವುದಿಲ್ಲ, ಎಷ್ಟು ಹುಡುಕಿದರೂ ಕೊಡುವುದಿಲ್ಲ, ಕೈ ನಿಂತಿತು, ಮೇಲೆ ಬಂತು, ಎಲ್ಲಿಗೆ ಹೋಗಬೇಕೆಂದು ಅದಕ್ಕೆ ತಿಳಿಯುತ್ತಿಲ್ಲ, ನಾನು ತಲೆ ತಗ್ಗಿಸಿ ಕೂತಿದ್ದೇನೆ, ನನ್ನ ನೆತ್ತಿಯಿಂದ ಒಂದು ಗೇಣು ದೂರದಲ್ಲಿ, ಆ ಕೈ, ಇನ್ನೂ ಅಲ್ಲೇ, ಆ ಕೈ