ಡಾಂಬರಿಲ್ಲದ ಅಣೆಕಟ್ಟು

ಕಾಪುವಿನ ಹತ್ತಿರದ ಹೊಳೆಗೆ ಕಿಂಡಿ ಅಣೆಕಟ್ಟು ಕಟ್ಟುವ ಟೆಂಡರು ಬಂದಾಗ ಮನೋರಮಾ ಷರತ್ತುಗಳನ್ನು ಓದಿ ಮೊದಲು ನಕ್ಕಳು, ಆಮೇಲೆ ಅವಳಿಗೆ ಪಿತ್ತ ನೆತ್ತಿಗೇರಿತು. ಬಿಡ್ ಹಾಕುವವರಿಗೆ ಸ್ವಂತ ಡಾಂಬರು ಪ್ಲಾಂಟ್ ಇರಬೇಕಂತೆ! ಮಳೆಗಾಲ ಮುಗಿದ ಮೇಲೆ ಕಿಂಡಿಗಳಿಗೆ ಹಲಗೆ ಇಳಿಸಿ, ಉಪ್ಪುನೀರು ಗದ್ದೆಗೆ ಏರದಂತೆ ತಡೆಯುವ ಕಾಂಕ್ರೀಟಿನ ಗೋಡೆ ಅದು. ಡಾಂಬರು ಬಳಿಯುವುದು ಎಲ್ಲಿಗೆ, ಹಲಗೆಗೋ, ಹೊಳೆಗೋ?

ಕಚೇರಿಯಲ್ಲಿ ಯಾರೋ ಪುಣ್ಯಾತ್ಮರು ರಸ್ತೆ ಟೆಂಡರಿನ ಷರತ್ತನ್ನು ಹಾಗೇ ನಕಲು ಹೊಡೆದಿದ್ದರು. ಮನೋರಮಾ ತೋರಿಸಿಕೊಟ್ಟರೂ ತಿದ್ದಲಿಲ್ಲ. ಯಾಕೆಂದರೆ ಸುತ್ತಮುತ್ತ ಅಂಥ ಪ್ಲಾಂಟ್ ಇದ್ದದ್ದು ಕಾರ್ಕಳದ ದೊಡ್ಡ ಗುತ್ತಿಗೆದಾರ ಉಮಾನಾಥನೊಬ್ಬನಿಗೆ. ಅವನ ಹಿಂದಿನ ಅಣೆಕಟ್ಟುಗಳನ್ನೆಲ್ಲ ಒಳಗುತ್ತಿಗೆ ಹಿಡಿದು, ಬಿಸಿಲಲ್ಲಿ ನಿಂತು ಕಟ್ಟಿಸಿದ್ದು ಮನೋರಮಾ, ಕೀರ್ತಿಯೆಲ್ಲ ಅವನದು. ಅವಳಿಗೂ ಗುತ್ತಿಗೆಯ ಲೈಸೆನ್ಸ್ ಇತ್ತು. ಈ ಸಲವಾದರೂ ತನ್ನದೇ ಹೆಸರಿನಲ್ಲಿ ಕೆಲಸ ಹಿಡಿಯಬೇಕು ಎಂಬುದೊಂದೇ ಅವಳ ಹಟ.

ಕೋರ್ಟಿಗೆ ಹೋಗುತ್ತಾಳೆಂದು ಗೊತ್ತಾದದ್ದೇ ಉಮಾನಾಥ ಮನೆಗೇ ಬಂದ.

“ಮನೋರಮಕ್ಕ, ಕೋರ್ಟು ಗೀರ್ಟು ನಿಮಗೆ ಎಂತಕ್ಕೆ? ಕೆಲಸ ಹೇಗೂ ನಿಮಗೇ ಕೊಡ್ತೇನೆ, ಅಲ್ವಾ?”

“ಕೊಡ್ಲಿಕ್ಕೆ ನೀವು ಯಾರು ಉಮಾನಾಥಣ್ಣ? ಚಹಾ ಕುಡಿದು ಹೊರಡಿ.”

ಹೂಡೆಯ ನೆವಿಲ್ ಕೂಡ ಡಾಂಬರು ಪ್ಲಾಂಟ್ ಇಲ್ಲದ ಗುತ್ತಿಗೆದಾರನೇ. ಅರ್ಜಿಗೆ ಜೊತೆಯಾಗು ಎಂದರೆ, “ಇಲಾಖೆಯನ್ನು ಎದುರು ಹಾಕಿಕೊಂಡ್ರೆ ಮತ್ತೆ ನನ್ನ ಬಿಲ್ಲು ಪಾಸಾಗ್ಲಿಕ್ಕುಂಟಾ ಅಕ್ಕ?” ಎಂದು ಜಾರಿಕೊಂಡ. ಹೇಡಿ ಎಂದು ಮುಖಕ್ಕೇ ಬೈದು, ಅವಳು ಮಣಿಪಾಲದ ವಕೀಲೆ ಕಾವ್ಯಳ ಜೊತೆ ಬೆಂಗಳೂರಿನ ಬಸ್ಸು ಹತ್ತಿದಳು.

ದಾರಿಯಲ್ಲಿ ಕಾವ್ಯ ಎಚ್ಚರಿಸಿದಳು. “ಟೆಂಡರಿಗೆ ಎಂತ ಷರತ್ತು ಹಾಕಬೇಕು ಅಂತ ಕೋರ್ಟು ಹೇಳುವುದಿಲ್ಲ ಅಕ್ಕ. ಅದು ಸರಕಾರದ ಇಷ್ಟ. ಷರತ್ತಿಗೂ ಕೆಲಸಕ್ಕೂ ಸಂಬಂಧವೇ ಇಲ್ಲ ಅಂತ ತೋರಿಸಿದ್ರೆ ಮಾತ್ರ ಕೈ ಹಾಕ್ತಾರೆ.”

ಹೈಕೋರ್ಟಿನಲ್ಲಿ ಸರಕಾರಿ ವಕೀಲರು ಗುಣಮಟ್ಟ, ಸಾಮರ್ಥ್ಯ, ಸಾರ್ವಜನಿಕ ಹಿತ ಎಂದು ಉದ್ದುದ್ದ ಮಾತಾಡಿದರು. ನ್ಯಾಯಮೂರ್ತಿಗಳು ಕೇಳಿದ್ದು ಇಷ್ಟೇ: “ಈ ಅಣೆಕಟ್ಟಿನಲ್ಲಿ ಡಾಂಬರು ಎಲ್ಲಿ ಬರುತ್ತದೆ?” ವಕೀಲರು ಹಿಂದೆ ತಿರುಗಿ ಇಲಾಖೆಯ ಎಂಜಿನಿಯರನ್ನು ನೋಡಿದರು. ಎಂಜಿನಿಯರು ಮೇಲಿನ ಫ್ಯಾನು ನೋಡಿದ. ಕೊನೆಗೆ ವಕೀಲರು, ಈ ಅರ್ಜಿದಾರರಿಗೆ ಮಾತ್ರ ಷರತ್ತು ಸಡಿಲಿಸುತ್ತೇವೆ, ಅರ್ಜಿ ಹಿಂತೆಗೆದುಕೊಳ್ಳಲಿ ಎಂದರು.

ಕಾವ್ಯಳ ಮುಖ ಅರಳಿತು. “ಒಪ್ಪಿಕೊಳ್ಳಿ ಅಕ್ಕ,” ಎಂದು ಪಿಸುಗುಟ್ಟಿದಳು. “ಉಳಿಯುವುದು ನೀವು ಮತ್ತು ಉಮಾನಾಥ. ಅವರಿಗಿಂತ ಕಡಿಮೆ ರೇಟು ನೀವು ಹಾಕಿಯೇ ಹಾಕ್ತೀರಿ. ಕೆಲಸ ಕೈಗೆ ಬಂದ ಹಾಗೆ.”

ಆಸೆಯಾಗಲಿಲ್ಲ ಎಂದರೆ ಶುದ್ಧ ಸುಳ್ಳು. ಬಾಯಲ್ಲಿ ನೀರೂರಿತು. ಆದರೆ ನಿನ್ನೆಯವರೆಗೆ ಉಮಾನಾಥನಿಗೆ ಮಾಡಿದ ಉಪಕಾರವನ್ನು ಇವತ್ತು ತನಗೆ ಮಾಡುತ್ತಾರಂತೆ! ಇದನ್ನು ಬೇಡಲಿಕ್ಕೆ ಅವಳು ಘಾಟಿ ಹತ್ತಿ ಬಂದದ್ದಲ್ಲ.

“ನನಗೊಬ್ಬಳಿಗೆ ವಿನಾಯಿತಿ ಬೇಡ. ಷರತ್ತೇ ಹೋಗಬೇಕು.”

“ನೆವಿಲ್‌ನಂಥವರೆಲ್ಲ ಬರ್ತಾರೆ ಅಕ್ಕ.”

“ಬರಲಿ ಮಾರಾಯ್ತಿ.”

ಷರತ್ತು ರದ್ದಾಯಿತು. ಹೊಸ ಟೆಂಡರು ಕರೆದರು, ಮೂವರೂ ಬಿಡ್ ಹಾಕಿದರು. ತೆರೆದು ನೋಡಿದರೆ ಎಲ್ಲರಿಗಿಂತ ಕಡಿಮೆ ರೇಟು ನೆವಿಲ್‌ನದು! ಮನೋರಮಾಳಿಗೆ ಕೂದಲೆಳೆಯಲ್ಲಿ ಕೆಲಸ ಕೈತಪ್ಪಿತು. ಹೊಟ್ಟೆ ಉರಿಯಿತು, ಅಳುವೂ ಬಂತು.

ಉಡುಪಿಯ ಕಚೇರಿಯ ಮೆಟ್ಟಿಲಲ್ಲಿ ಉಮಾನಾಥ ಹಲ್ಲು ಕಿರಿಯುತ್ತ ಎದುರಾದ. “ಅಷ್ಟೆಲ್ಲ ಹಾರಾಡಿ ನೆವಿಲ್‌ಗೆ ಕೆಲಸ ಕೊಡಿಸಿದಿರಾ ಅಕ್ಕ? ನಿಮಗೆ ಸಿಕ್ಕಿದ್ದು ಎಂತ?”

“ಸೋಲು ಸಿಕ್ಕಿತು. ನನ್ನದೇ ರೇಟು ಹಾಕಿ ನಾನೇ ಸೋತದ್ದು. ನಿಮ್ಮ ಕೃಪೆಯಿಂದ ಕೆಲಸ ಸಿಕ್ಕಾಗಲೂ ಇಷ್ಟು ನೆಟ್ಟಗೆ ನಿಂತಿರಲಿಲ್ಲ ನಾನು.”

ಹಿಂದೆಯೇ ನಿಂತಿದ್ದ ನೆವಿಲ್ ತಲೆ ಕೆರೆದುಕೊಂಡ. “ಅಕ್ಕ, ಉಪ್ಪುನೀರಿನ ಕೆಲಸ ನನಗೆ ಅಷ್ಟು ಅಭ್ಯಾಸ ಇಲ್ಲ. ನೀವೇ ಮಾಡಿಸ್ತೀರಾ? ಕಮಿಷನ್ ಮಾತ್ರ ನನಗೆ ಸಾಕು.”

ಮನೋರಮಾ ಅವನನ್ನು ಕಾಲಿಂದ ತಲೆಯವರೆಗೆ ನೋಡಿದಳು.

“ರೇಟು ಹಾಕಿದವ ನೀನು, ಕಟ್ಟುವವನೂ ನೀನೇ. ನೀರಿಗಿಳಿ, ಕಲಿ. ಮುಂದಿನ ಟೆಂಡರು ಬರಲಿ, ನಿನ್ನನ್ನೂ ಇವರನ್ನೂ ಒಟ್ಟಿಗೇ ಸೋಲಿಸ್ತೇನೆ.”